15 ಗಂಟೆ ಕಡಿಮೆ: ಎರಡು ದೇಶಗಳಲ್ಲಿ ದುಡಿದ ಮಲೆನಾಡಿನ ಕಲಾವಿದೆಯೊಬ್ಬರ ಪ್ರಕರಣ

ಶರಾವತಿ ಹಿನ್ನೀರಿನಾಚೆಯ ಹಳ್ಳಿಯೊಂದರಲ್ಲಿ ಹುಟ್ಟಿದ ಕಲಾವಿದೆಯೊಬ್ಬರು ಹತ್ತು ವರ್ಷಗಳಿಂದ ಕರ್ನಾಟಕದಲ್ಲೂ ಫ್ರಾನ್ಸಿನಲ್ಲೂ ನಟನೆಯನ್ನೇ ನಂಬಿ ಬದುಕಿದ್ದಾರೆ. ಗಾಂಧಿನಗರದಲ್ಲಿ ಅವರ ಹೆಸರು ಹೇಳಿದರೆ ಯಾರಿಗೂ ಗೊತ್ತಾಗುವುದಿಲ್ಲ, ಪ್ಯಾರಿಸ್ಸಿನಲ್ಲೂ ಅಷ್ಟೇ. ಶಿವಮೊಗ್ಗದಲ್ಲಿ ರಂಗಕಲಾವಿದರ ಕರಾರು, ತೆರಿಗೆ, ವೀಸಾ ಕಾಗದಗಳನ್ನು ನೋಡಿಕೊಳ್ಳುವ ನನ್ನ ಕೆಲಸದಲ್ಲಿ ಇವರ ಕಡತದಷ್ಟು ಕಲಿಸಿದ ಇನ್ನೊಂದು ಕಡತ ಇಲ್ಲ. ಹೊರದೇಶದ ಅವಕಾಶ ಬಂದಾಗ ನಮ್ಮ ಹುಡುಗ ಹುಡುಗಿಯರು ಎಲ್ಲಿ ಎಡವುತ್ತಾರೆ, ಎಲ್ಲಿ ಗಟ್ಟಿಯಾಗಿ ನಿಲ್ಲಬಹುದು ಎನ್ನುವುದು ಇದರಲ್ಲಿದೆ ಎಂದು ಅವರ ಒಪ್ಪಿಗೆ ಪಡೆದು ಬರೆಯುತ್ತಿದ್ದೇನೆ. ಹೆಸರು, ಹಳ್ಳಿ, ಚಿತ್ರ, ತಂಡ ಯಾವುದೂ ಇಲ್ಲಿಲ್ಲ. ಗುರುತು ಸಿಗದಿರಲೆಂದು ಕೆಲವು ವಿವರಗಳನ್ನು ಬದಲಿಸಿದ್ದೇನೆ.

ಹಿನ್ನೆಲೆ

ಲಿಂಗನಮಕ್ಕಿ ಅಣೆಕಟ್ಟು 1964ರಲ್ಲಿ ಪೂರ್ಣಗೊಂಡ ಮೇಲೆ ಹಿನ್ನೀರು ಸುತ್ತುವರಿದ ಸೀಮೆ ಅವರದು. ಮನೆಯಲ್ಲಿ ಸ್ವಲ್ಪ ಅಡಿಕೆ ತೋಟ, ಊರಲ್ಲಿ ಯಕ್ಷಗಾನದ ಹುಚ್ಚು. ಪಿಯುಸಿ ಮುಗಿಸಿ ಹೆಗ್ಗೋಡಿನ ನೀನಾಸಂ ರಂಗಶಿಕ್ಷಣ ಕೇಂದ್ರ ಸೇರಿದರು. ಕೆ. ವಿ. ಸುಬ್ಬಣ್ಣನವರ ನೀನಾಸಂ 1980ರಲ್ಲಿ ಆರಂಭಿಸಿದ ಆ ಕೇಂದ್ರ ಅಡಿಕೆ ಬೆಳೆಗಾರರ, ಕೂಲಿಕಾರರ ಮಕ್ಕಳಿಗೆ ಜಗತ್ತಿನ ನಾಟಕವನ್ನು ಕನ್ನಡದಲ್ಲೇ ತೋರಿಸಿಕೊಟ್ಟ ಜಾಗ. ಆಮೇಲೆ ತಿರುಗಾಟ: 1985ರಿಂದ ನಡೆದು ಬಂದ ಆ ಸಂಚಾರಿ ತಂಡದಲ್ಲಿ ರಾತ್ರಿ ನಾಟಕ ಆಡಿ, ಸೆಟ್ ಬಿಚ್ಚಿ, ಲಾರಿಗೆ ಹೇರಿ, ಮರುದಿನ ಇನ್ನೊಂದು ಊರಲ್ಲಿ ಅದನ್ನೇ ಕಟ್ಟಿದರು. ಎಂಥ ರಂಗಮಂದಿರದಲ್ಲೂ ಕೊನೆಯ ಸಾಲಿಗೆ ದನಿ ಮುಟ್ಟಿಸುವುದನ್ನು ಕಲಿತದ್ದು ಅಲ್ಲೇ ಎನ್ನುತ್ತಾರೆ.

ಸಿನಿಮಾ ಬಂದದ್ದು ಮಲೆನಾಡಿಗೆ ಚಿತ್ರೀಕರಣ ಬರುವ ದಾರಿಯಲ್ಲೇ. ಆಗುಂಬೆ, ತೀರ್ಥಹಳ್ಳಿ ಕಡೆ ಘಟಕ ಇಳಿದಾಗೆಲ್ಲ ಸ್ಥಳೀಯ ಮುಖ ಬೇಕಾಗುತ್ತದೆ. ಅತ್ತಿಗೆ, ನೆರೆಮನೆಯವಳು, ಆಸ್ಪತ್ರೆಯ ನರ್ಸ್. ಸಂಜೆ ಪ್ಯಾಕಪ್ ಆದ ಮೇಲೆ ಕವರಿನಲ್ಲಿ ದಿನಗೂಲಿ. ಕರಾರು ಇಲ್ಲ, ರಸೀತಿ ಇಲ್ಲ. ಒಂದು ಚಿತ್ರದಲ್ಲಿ ಅವರದು ಒಳ್ಳೆಯ ಪಾತ್ರವೇ ಆಗಿತ್ತು. ಥಿಯೇಟರಿನಲ್ಲಿ ಕೂತು ನೋಡಿದರೆ ತೆರೆಯ ಮೇಲೆ ತನ್ನ ತುಟಿ ಅಲುಗುತ್ತಿದೆ, ದನಿ ಮಾತ್ರ ಬೇರೆಯವರದು. ಸಾಗರದ ಕಡೆಯ ಎಳೆತ ಬೇಡ ಎಂದು ಬೆಂಗಳೂರಿನ ಡಬ್ಬಿಂಗ್ ಕಲಾವಿದೆಯೊಬ್ಬರಿಂದ ಮಾತಾಡಿಸಿದ್ದರು. ಯಾರೂ ಇವರಿಗೆ ಹೇಳಿರಲಿಲ್ಲ. ಮುಂದಿನ ಒಂದು ದೊಡ್ಡ ನಿರ್ಧಾರದ ಬೇರು ಇಲ್ಲಿದೆ.

ಫ್ರಾನ್ಸಿನ ದಾರಿ

2015ರಲ್ಲಿ ಶ್ರೀಲಂಕಾದ ತಮಿಳು ನಿರಾಶ್ರಿತರ ಕಥೆಯ 'ಧೀಪನ್' ಚಿತ್ರಕ್ಕೆ ಕಾನ್ ಉತ್ಸವದಲ್ಲಿ ಅಲ್ಲಿನ ಅತ್ಯುನ್ನತ ಪ್ರಶಸ್ತಿ ಪಾಮ್ ದೋರ್ ಬಂತು. ಅದರ ನಾಯಕಿ ಚೆನ್ನೈ ರಂಗಭೂಮಿಯಿಂದ ಹೋದವರು. ದಕ್ಷಿಣ ಭಾರತದ ರಂಗಕಲಾವಿದೆಯರಿಗೂ ಅಲ್ಲಿ ಜಾಗ ಇದೆ ಎಂಬ ನಂಬಿಕೆ ನಮ್ಮ ಕಲಾವಿದೆಗೆ ಮೂಡಿದ್ದು ಆಗ. ಅದೇ ವರ್ಷ, ಹಿಂದೆ ಕಾರ್ಯಾಗಾರವೊಂದರಲ್ಲಿ ಪರಿಚಯವಾಗಿದ್ದ ಫ್ರೆಂಚ್ ನಿರ್ದೇಶಕಿಯೊಬ್ಬರು ಸಣ್ಣ ಬಜೆಟ್ಟಿನ ಚಿತ್ರಕ್ಕಾಗಿ ಸೆಲ್ಫ್ ಟೇಪ್, ಅಂದರೆ ಆಯ್ಕೆಗಾಗಿ ತಾನೇ ನಟಿಸಿ ಚಿತ್ರಿಸಿದ ವಿಡಿಯೊ, ಕೇಳಿದರು. ಪ್ಯಾರಿಸ್ಸಿನ ಲಾ ಶಾಪೆಲ್ ಬಡಾವಣೆಯ ಹೋಟೆಲಿನಲ್ಲಿ ಪಾತ್ರೆ ತೊಳೆಯುವ ತಮಿಳು ಹೆಂಗಸಿನ ಪಾತ್ರ. ಎರಡು ದಿನದೊಳಗೆ ಕಳಿಸಬೇಕು.

ಆಷಾಢದ ಮಳೆ. ಮನೆಯ ಮಾಡಿಗೆ ತಗಡು ಹೊದೆಸಿತ್ತು. ಒಳಗೆ ಎಲ್ಲಿ ನಿಂತು ಮಾತಾಡಿದರೂ ಮೊಬೈಲಿನಲ್ಲಿ ಮಳೆಯ ಸದ್ದೇ. ಕೊನೆಗೆ ಕೊಟ್ಟಿಗೆಯ ಪಕ್ಕದ ಹುಲ್ಲಿನ ಕೋಣೆಗೆ ಹೋದರು. ಮೂರು ಕಡೆ ಒಣಹುಲ್ಲು ಮಾಡಿನವರೆಗೆ ಒಟ್ಟಿದ್ದರಿಂದ ಸದ್ದು ಇಂಗಿಹೋಗುತ್ತಿತ್ತು. ಅವರ ತಮ್ಮ ಬಿಳಿ ಪಂಚೆಯ ಹಿಂದಿನಿಂದ ಟಾರ್ಚ್ ಹಿಡಿದ, ಅದೇ ಲೈಟು. ಟೇಪ್ ಆಯಿತು, ಕಳಿಸಲು ನೆಟ್‌ವರ್ಕ್ ಎಲ್ಲಿ? ಬೆಳಗಿನ ಲಾಂಚ್ ಹಿಡಿದು ಹೊಳೆ ದಾಟಿ, ಅಂಬಾರಗೋಡ್ಲಿನಿಂದ ಬಸ್ಸಿನಲ್ಲಿ ಸಾಗರಕ್ಕೆ ಬಂದು, ಸೈಬರ್ ಸೆಂಟರಿನಲ್ಲಿ ಕೂತು ಅಪ್‌ಲೋಡ್ ಮಾಡಿದರು. ಆ ಟೇಪನ್ನು ನಾನು ನೋಡಿದ್ದೇನೆ. ಚಿತ್ರ ಮಬ್ಬು, ದನಿ ಸ್ವಚ್ಛ. ಆಯ್ಕೆ ಆದದ್ದು ದನಿಯ ಬಲದಿಂದಲೇ ಎಂದು ನಿರ್ದೇಶಕಿ ಆಮೇಲೆ ಹೇಳಿದ್ದರು.

ತಮಿಳು ಬರುತ್ತಿರಲಿಲ್ಲ. ಭದ್ರಾವತಿಯಲ್ಲಿ ತಲೆಮಾರುಗಳಿಂದ ನೆಲೆಸಿದ ತಮಿಳು ಕುಟುಂಬವೊಂದರ ಮನೆಯಲ್ಲಿದ್ದು ಕಲಿತರು. ಜಾಫ್ನಾದ ತಮಿಳು ಬೇರೆಯೇ ಧಾಟಿಯದು, ಅದನ್ನು ಪ್ಯಾರಿಸ್ಸಿನಲ್ಲಿ ತರಬೇತುದಾರರೊಬ್ಬರು ತಿದ್ದಿದರು.

ಚಿತ್ರೀಕರಣ ಮೂರು ತಿಂಗಳೊಳಗೆ ಮುಗಿಯುವಂಥದ್ದು. ಅಷ್ಟು ಕಡಿಮೆ ಅವಧಿಯ ಕಲಾ ಕೆಲಸಕ್ಕೆ ಫ್ರಾನ್ಸ್ ಈಗ ಪ್ರತ್ಯೇಕ ಕೆಲಸದ ಪರವಾನಗಿ ಕೇಳುವುದಿಲ್ಲ, ಅಲ್ಪಾವಧಿ ವೀಸಾ ಸಾಕು. ಅಲ್ಲಿ ಕಾನೂನಿನ ಇನ್ನೊಂದು ಮಾತಿದೆ: ವೇದಿಕೆಯಲ್ಲೋ ಕ್ಯಾಮೆರಾ ಮುಂದೋ ನಟಿಸಿದವರನ್ನು ನೌಕರರೆಂದೇ ಭಾವಿಸಬೇಕು. ಆದ್ದರಿಂದ ಕವರು ಕೊಡುವ ಪದ್ಧತಿಯೇ ಇಲ್ಲ, ಸಂಬಳದ ಚೀಟಿ ಕೊಡಬೇಕು. ಇದರ ಜೊತೆಗೆ ರಜಾ ಹಣ ಎಂಬುದೊಂದಿದೆ. ಸಂಬಳದ ಸುಮಾರು ಹತ್ತನೇ ಒಂದು ಭಾಗದಷ್ಟು ಹಣಕ್ಕೆ ನಿರ್ಮಾಪಕರು ಒಂದು ನಿಧಿಗೆ ವಂತಿಗೆ ಕಟ್ಟುತ್ತಾರೆ, ಕಲಾವಿದರು ಖಾತೆ ತೆರೆದು ಅರ್ಜಿ ಹಾಕಿ ಪಡೆಯಬೇಕು. ಇವರಿಗೆ ಇದಾವುದೂ ಗೊತ್ತಿರಲಿಲ್ಲ. ಬ್ಯಾಂಕಿಗೆ ಬಂದ ಮೊತ್ತ ನೋಡಿಕೊಂಡರು, ಚೀಟಿಗಳನ್ನು ಹೋಟೆಲಿನ ಕೋಣೆಯಲ್ಲೇ ಬಿಟ್ಟು ಬಂದರು. ರಜಾ ಹಣಕ್ಕೆ ಅರ್ಜಿ ಹಾಕಲೇ ಇಲ್ಲ.

507 ಗಂಟೆಗಳ ಲೆಕ್ಕ

2017ರಲ್ಲಿ ಫ್ರೆಂಚ್ ನಾಟಕ ತಂಡವೊಂದು ಕರೆಯಿತು. ತಂಡದ ಕರಾರಿನ ಆಧಾರದ ಮೇಲೆ ಕಲಾವಿದರಿಗೆ ಕೊಡುವ ಬಹುವರ್ಷದ ವಾಸಪರವಾನಗಿ ಸಿಕ್ಕಿತು. ಪ್ಯಾರಿಸ್ಸಿನ ಹೊರವಲಯದಲ್ಲಿ ಒಂದು ಕೋಣೆ ಹಿಡಿದರು.

ಅಲ್ಲಿನ ವ್ಯವಸ್ಥೆಯನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಈ ಪ್ರಕರಣದ ಗಂಟು ಇರುವುದೇ ಇದರಲ್ಲಿ. ಬಿಟ್ಟುಬಿಟ್ಟು ಕೆಲಸ ಸಿಗುವ ಕಲಾವಿದರು, ತಂತ್ರಜ್ಞರಿಗೆ ಫ್ರಾನ್ಸಿನಲ್ಲಿ ವಿಶೇಷ ನಿರುದ್ಯೋಗ ವಿಮೆ ಇದೆ. 12 ತಿಂಗಳಲ್ಲಿ 507 ಗಂಟೆ ಕೆಲಸ ತೋರಿಸಿದರೆ ಮುಂದಿನ ಒಂದು ವರ್ಷ ಕೆಲಸವಿಲ್ಲದ ದಿನಗಳಿಗೆ ಭತ್ಯೆ ಬರುತ್ತದೆ. ನಟರ ಕೆಲಸವನ್ನು ಬಹುಪಾಲು 'ಕಶೆ' ಲೆಕ್ಕದಲ್ಲಿ ಹಿಡಿಯುತ್ತಾರೆ: ಒಂದು ಪ್ರದರ್ಶನಕ್ಕೆ ಒಂದು ಕಶೆ, ಒಂದು ಕಶೆಗೆ 12 ಗಂಟೆ. ಅಲ್ಲಿಗೆ ವರ್ಷಕ್ಕೆ 43 ಕಶೆ ಆದರೆ ದಡ ಸೇರಿದಂತೆ. ವರ್ಷ ತುಂಬುವ ದಿನ ಮತ್ತೆ ಹೊಸದಾಗಿ ಎಣಿಕೆ. ನಮ್ಮ ಕಲಾವಿದೆ 2018ರ ಜುಲೈಯಲ್ಲಿ ಮೊದಲ ಸಲ ಈ ಹಕ್ಕು ಗಳಿಸಿದರು. ಮಲೆನಾಡಿನ ಒಬ್ಬ ರಂಗಕಲಾವಿದೆಗೆ ನಾಟಕವಿಲ್ಲದ ತಿಂಗಳಲ್ಲೂ ಬಾಡಿಗೆ ಕಟ್ಟುವ ಧೈರ್ಯ ಬಂದದ್ದು ಸಣ್ಣ ಸಂಗತಿಯಲ್ಲ.

2019ರ ಏಪ್ರಿಲ್. ಜುಲೈ ಕೊನೆಯ ಗಡುವಿಗೆ ಮೂರು ತಿಂಗಳಿರುವಾಗ ಅವರ ಬಳಿ ಇದ್ದದ್ದು 33 ಕಶೆ, ಅಂದರೆ 396 ಗಂಟೆ. ಇನ್ನೂ 111 ಬೇಕು. ಅದೇ ವಾರ ಊರಿನ ಕಡೆಯಿಂದ ಒಂದು ಫೋನು: ಕನ್ನಡ ಚಿತ್ರ, ನಾಯಕಿಯ ಪಾತ್ರ, ಆಗುಂಬೆ ಸುತ್ತಮುತ್ತ, ನಿಜವಾದ ಮಳೆಯಲ್ಲಿ ಚಿತ್ರೀಕರಣ. ಜೂನ್ ಮಧ್ಯದಿಂದ ಶುರು. ಭಾರತದ ನಿರ್ಮಾಪಕರಿಗಾಗಿ ಭಾರತದಲ್ಲಿ ಮಾಡಿದ ಕೆಲಸದ ಒಂದು ಗಂಟೆಯೂ 507ರ ಲೆಕ್ಕಕ್ಕೆ ಬರುವುದಿಲ್ಲ.

ಏನೇನು ಪ್ರಯತ್ನ ನಡೆಯಿತು

ಮೊದಲು ಚಿತ್ರತಂಡವನ್ನೇ ಕೇಳಿದರು, ಆಗಸ್ಟಿಗೆ ಹಾಕಲಾದೀತೆ ಎಂದು. ನಿರ್ದೇಶಕರ ಉತ್ತರ ನ್ಯಾಯವಾದದ್ದೇ: ಮಳೆ ಹಿಡಿಯುವ ಮೊದಲ ದಿನಗಳು ಕಥೆಗೆ ಬೇಕು, ನಡುಮಳೆಯಲ್ಲಿ ಅವು ಸಿಗುವುದಿಲ್ಲ.

ನನಗೆ ಅವರು ಮೊದಲ ಸಲ ಕರೆ ಮಾಡಿದ್ದು ಆಗ. ವೇಳಾಪಟ್ಟಿ ಮುಂದಿಟ್ಟುಕೊಂಡು ಎಲ್ಲಿ ಗಂಟೆ ಸಿಗಬಹುದು ಎಂದು ಹುಡುಕಿದೆವು. ತಾಲೀಮಿಗೂ ಸಂಬಳವಿದ್ದರೆ ಅದೂ ಲೆಕ್ಕಕ್ಕೆ ಬರುತ್ತದೆ. ತಂಡದವರು ಶರತ್ಕಾಲದ ನಾಟಕದ ತಾಲೀಮನ್ನು ಮೇ ತಿಂಗಳಿಗೆ ಎಳೆದುಕೊಂಡರು, ನಾಲ್ಕು ಕಶೆ ಸಿಕ್ಕಿತು. ಇನ್ನೊಂದು ದಾರಿ ಪಾಠ ಹೇಳುವುದು. ಮಾನ್ಯತೆ ಪಡೆದ ಸಂಸ್ಥೆಯಲ್ಲಿ ಕರಾರಿನ ಮೇಲೆ ಕಲಿಸಿದರೆ 70 ಗಂಟೆಯವರೆಗೆ ಸೇರಿಸಿಕೊಳ್ಳಬಹುದು. ಬಡಗುತಿಟ್ಟಿನ ಹೆಜ್ಜೆ, ತಾಳ ಇಟ್ಟುಕೊಂಡು ಒಂದು ಸಂಗೀತ ನಾಟಕ ಶಾಲೆಯಲ್ಲಿ ಶಿಬಿರ ನಡೆಸಿದರು, 48 ಗಂಟೆ. ಊರ ಬಯಲಾಟ ನೋಡಿ ಬೆಳೆದ ಹುಡುಗಿ ಅದನ್ನು ಅಲ್ಲಿನ ವಿದ್ಯಾರ್ಥಿಗಳ ಕಾಲಿಗೆ ಹತ್ತಿಸಿದ ವಿಡಿಯೊ ನೋಡಿದಾಗ ನನಗೆ ನಿಜಕ್ಕೂ ಹೆಮ್ಮೆಯಾಯಿತು.

396, 48, 48. ಒಟ್ಟು 492. ಉಳಿದದ್ದು 15 ಗಂಟೆ, ಎರಡು ಪ್ರದರ್ಶನ. ಜುಲೈ ಎರಡನೇ ವಾರದಲ್ಲಿ ತಂಡಕ್ಕೆ ಎರಡು ಉತ್ಸವ ಪ್ರದರ್ಶನ ಇದ್ದವು. ಆಗುಂಬೆಯ ಕೆಲಸ ಜುಲೈ ಐದರೊಳಗೆ ಮುಗಿಸಿ ವಿಮಾನ ಹತ್ತುವುದೆಂದು ಟಿಕೆಟ್ ಮಾಡಿಸಿದರು.

ಚಿತ್ರದ ಕರಾರಿಗೆ ಕೂತಾಗ ಅವರು ಮೂರು ಷರತ್ತು ಇಟ್ಟರು. ದನಿ ತನ್ನದೇ ಇರಬೇಕು, ಸ್ಥಳದಲ್ಲೇ ಧ್ವನಿಮುದ್ರಣ ಆಗಬೇಕು. ಕೆಲಸದ ದಿನಗಳನ್ನು ಬರವಣಿಗೆಯಲ್ಲಿ ಕೊಡಬೇಕು. ಹೆಸರು ಆರಂಭದ ಶೀರ್ಷಿಕೆಯಲ್ಲಿ ಬರಬೇಕು. ಹೆಚ್ಚು ಸಂಭಾವನೆ ಕೇಳಲಿಲ್ಲ. ನಿರ್ಮಾಪಕರಿಗೆ ಮೊದಲನೆಯದು ಕಷ್ಟವಾಯಿತು, ಮಳೆಯಲ್ಲಿ ಸಿಂಕ್ ಸೌಂಡ್ ಎಂದರೆ ಖರ್ಚು. ಇವರು ಪಟ್ಟು ಬಿಡಲಿಲ್ಲ. ಹೆಸರಿಲ್ಲದ ಕಲಾವಿದೆಗೆ ಇರುವ ಆಸ್ತಿ ಅವಳು ದುಡಿದ ದಿನಗಳ ದಾಖಲೆ ಮತ್ತು ಅವಳ ದನಿ. ಇವನ್ನು ಕೇಳಿ ಪಡೆಯುವುದನ್ನು ನಾವು ರಂಗಶಾಲೆಗಳಲ್ಲಿ ಕಲಿಸಬೇಕು.

ಆದದ್ದು

2019ರಲ್ಲಿ ಮುಂಗಾರು ಕೇರಳಕ್ಕೆ ಬಂದದ್ದೇ ಜೂನ್ 8ಕ್ಕೆ, ವಾರ ತಡವಾಗಿ. ಜೂನ್ ಪೂರ್ತಿ ಮಳೆ ಸೊರಗಿತ್ತು. ಘಟಕ ಆಗುಂಬೆಯಲ್ಲಿ ಮೋಡ ನೋಡುತ್ತ ಕೂತಿತು. ಒಳಾಂಗಣದ ದೃಶ್ಯಗಳನ್ನು ಮೊದಲು ಮುಗಿಸಿದರು. ಮಳೆಯ ದೃಶ್ಯಗಳು ಜುಲೈಗೆ ಜಾರಿದವು.

ಅವರು ವಿಮಾನ ಹತ್ತಬೇಕಿದ್ದ ವಾರ ನಾನು ಅಲ್ಲಿಗೆ ಹೋಗಿದ್ದೆ. ಗದ್ದೆಯ ಅಂಚಿನಲ್ಲಿ ಕಂಬಳಿಕೊಪ್ಪೆ ಹೊದ್ದು ಅವರು ನಿಂತಿದ್ದರು, ಮೈಕನ್ನು ಕೊಪ್ಪೆಯ ಒಳಮಡಿಕೆಗೆ ಹೊಲಿದಿದ್ದರು. ಪ್ಲಾಸ್ಟಿಕ್ ಮೇಲೆ ಹನಿ ಬಿದ್ದರೆ ಪಟಪಟ ಸದ್ದಾಗುತ್ತದೆಂದು ಕ್ಯಾಮೆರಾದ ಹೊದಿಕೆಯ ಮೇಲೂ ಕಂಬಳಿ ಹಾಕಿದ್ದರು. ಈ ಉಪಾಯ ಹೇಳಿಕೊಟ್ಟದ್ದು ಇವರೇ. ಆಡಬೇಕಾದ ಮಾತು ನಾಲ್ಕೇ ಸಾಲು, ಸಾಗರದ ಕಡೆಯ ಅದೇ ಎಳೆತದಲ್ಲಿ. ಧ್ವನಿಗ್ರಾಹಕ ಹೆಡ್‌ಫೋನು ತೆಗೆದು ಹೆಬ್ಬೆರಳೆತ್ತಿದ.

ಅಂದು ಸಂಜೆಯೇ ನಿರ್ಧಾರ ಆಗಬೇಕಿತ್ತು. ಹೊರಟರೆ ಎರಡು ಪ್ರದರ್ಶನ ಸಿಗುತ್ತದೆ, ಫ್ರಾನ್ಸಿನ ಒಂದು ವರ್ಷ ಉಳಿಯುತ್ತದೆ. ಚಿತ್ರತಂಡ ಉಳಿದ ದೃಶ್ಯಗಳನ್ನು ಬದಲಿ ಕಲಾವಿದೆಯ ಬೆನ್ನು ತೋರಿಸಿ, ದನಿ ಡಬ್ ಮಾಡಿ ಮುಗಿಸಬಹುದೆಂದಿತ್ತು. ಹೋಗುವುದಾದರೆ ಹೋಗಿ ಎಂದು ನಿರ್ದೇಶಕರು ಬೇಸರವಿಲ್ಲದೆಯೇ ಹೇಳಿದ್ದರು. ಅವರು ಉಳಿದರು. ಫ್ರಾನ್ಸಿನಲ್ಲಿ ಆ ಎರಡು ಪ್ರದರ್ಶನಗಳನ್ನು ಬೇರೊಬ್ಬರು ಮಾಡಿದರು. ಗಡುವಿನ ದಿನ ಲೆಕ್ಕ 492ಕ್ಕೇ ನಿಂತಿತು, ಭತ್ಯೆ ನಿಂತಿತು.

ಪೆಟ್ಟು ಬಿದ್ದದ್ದು ಮರುವರ್ಷ. ಕೊರೊನಾ ಬಂದಾಗ ಫ್ರಾನ್ಸ್ ಸರ್ಕಾರ ಇಂಥ ಕಲಾವಿದರ ಹಕ್ಕುಗಳನ್ನು ಹೊಸ ಗಂಟೆ ಕೇಳದೆ ಮೊದಲು 2021ರ ಆಗಸ್ಟ್ 31ರವರೆಗೆ, ಆಮೇಲೆ ಅದೇ ವರ್ಷದ ಡಿಸೆಂಬರ್ 31ರವರೆಗೆ ಮುಂದುವರಿಸಿತು. 2019ರ ಜುಲೈಯಲ್ಲಿ ಆ 15 ಗಂಟೆ ಸಿಕ್ಕಿದ್ದರೆ ಇವರೂ ಆ ಪಟ್ಟಿಯಲ್ಲಿ ಇರುತ್ತಿದ್ದರು. ಚಿತ್ರದ ಪ್ರಚಾರಕ್ಕೆಂದು 2020ರ ಫೆಬ್ರವರಿಯಲ್ಲಿ ಊರಿಗೆ ಬಂದವರು ಇಲ್ಲೇ ಸಿಕ್ಕಿಕೊಂಡರು. ಮಾರ್ಚ್ ಮಧ್ಯದಲ್ಲಿ ಚಿತ್ರಮಂದಿರಗಳು ಮುಚ್ಚಿದವು. ಏಪ್ರಿಲ್‌ನ ಬಿಡುಗಡೆ ನಿಂತುಹೋಯಿತು. ಪ್ಯಾರಿಸ್ಸಿನ ಕೋಣೆಯ ಬಾಡಿಗೆ ಕಟ್ಟಲಾಗದೆ ಬಿಡಬೇಕಾಯಿತು. 2021ರಲ್ಲಿ ಪರವಾನಗಿಯ ಅವಧಿ ಮುಗಿಯಿತು, ನವೀಕರಿಸಲು ಬೇಕಾದ ಕರಾರು, ಆದಾಯ ಎರಡೂ ಇರಲಿಲ್ಲ. ಚಿತ್ರ ಕೊನೆಗೆ ಮೊಬೈಲ್ ಪರದೆಯಲ್ಲಿ ಬಂತು. ನೋಡಿದವರು ಕಡಿಮೆ.

ಮತ್ತೆ ಕಟ್ಟಿಕೊಂಡ ಬಗೆ

ಲಾಕ್‌ಡೌನಿನಲ್ಲಿ ನಾವಿಬ್ಬರೂ ಕೂತು ಕಾಗದಗಳನ್ನು ಜೋಡಿಸಿದೆವು. ನಾಟಕದ ದಿನಗಳ ಚೀಟಿಗಳು ಪೂರ್ತಿ ಇದ್ದವು, ರಜಾ ಹಣವನ್ನೂ ಪಡೆದಿದ್ದರು. ಸಹನಟರು ಅಷ್ಟರಲ್ಲಿ ಎಲ್ಲ ಹೇಳಿಕೊಟ್ಟಿದ್ದರು. 2015ರ ಚಿತ್ರದ್ದು ಮಾತ್ರ ಖಾಲಿ. ಆ ರಜಾ ಹಣ ಅವಧಿ ಮೀರಿ ಹೋಗಿತ್ತು.

ತೆರಿಗೆಯಲ್ಲೂ ಒಂದು ತಿರುವು ಇತ್ತು. ಫ್ರಾನ್ಸಿನಲ್ಲಿ ನೆಲೆಸಿದ್ದ ವರ್ಷಗಳಲ್ಲಿ ಅವರು ಭಾರತದಲ್ಲಿ 182 ದಿನಕ್ಕಿಂತ ಕಡಿಮೆ ಇದ್ದುದರಿಂದ ಇಲ್ಲಿ ಅನಿವಾಸಿ. 2020-21ರಲ್ಲಿ ವರ್ಷಪೂರ್ತಿ ಸಾಗರ ಸೀಮೆಯಲ್ಲೇ ಇದ್ದರು, ನಿವಾಸಿಯಾದರು. ನಿವಾಸಿಯಾದ ಮೇಲೆ ಹಳೆಯ ಚಿತ್ರದ ಟಿವಿ ಮರುಪ್ರಸಾರಕ್ಕೆ ಬಂದ ಸಣ್ಣ ಹಣವನ್ನೂ, ಅಲ್ಲಿನ ಬ್ಯಾಂಕ್ ಖಾತೆಯನ್ನೂ ಇಲ್ಲಿನ ರಿಟರ್ನ್ಸ್‌ನಲ್ಲಿ ತೋರಿಸಬೇಕು. ಅಲ್ಲಿ ಕಡಿತವಾದ ತೆರಿಗೆಗೆ ಇಲ್ಲಿ ವಿನಾಯಿತಿ ಬೇಕೆಂದರೆ ಆಗ ಫಾರ್ಮ್ 67 ಸಲ್ಲಿಸಬೇಕಿತ್ತು. ಮೊತ್ತ ಸಣ್ಣದೆಂದು ಬಿಡುವವರು ಬಹಳ. ಇವರು ಬಿಡಲಿಲ್ಲ. ಮುಂದೆ ವೀಸಾ ಅರ್ಜಿಗಳಿಗೆ ಆ ರಿಟರ್ನ್ಸೇ ಬಲವಾದ ದಾಖಲೆಯಾಯಿತು.

ಆಗ ಬೆಂಗಳೂರಿನ ಧಾರಾವಾಹಿಯೊಂದು ಕರೆದಿತ್ತು. ತಿಂಗಳಿಗೆ ಇಪ್ಪತ್ತಕ್ಕೂ ಹೆಚ್ಚು ದಿನ, ಬೇರೆಡೆ ನಟಿಸಕೂಡದೆಂಬ ಷರತ್ತು. ಕೈಯಲ್ಲಿ ಕಾಸಿಲ್ಲದ ಹೊತ್ತಿನಲ್ಲಿ ಬಂದ ಆ ಕರೆಗೆ ಇಲ್ಲ ಎಂದದ್ದು ಆಗುಂಬೆಯ ನಿರ್ಧಾರಕ್ಕಿಂತ ದೊಡ್ಡದು ಎಂದು ನಾನು ತಿಳಿಯುತ್ತೇನೆ. ಆಗುಂಬೆಯಲ್ಲಿ ಒಂದು ಪಾತ್ರದ ಪ್ರೀತಿ ಎಳೆದಿತ್ತು. ಇಲ್ಲಿ ಎಳೆಯಲು ಏನೂ ಇರಲಿಲ್ಲ, ಮುಂದೆ ತಾನು ಹೇಗೆ ದುಡಿಯಬೇಕು ಎಂಬ ತಿಳಿವಳಿಕೆ ಮಾತ್ರ ಇತ್ತು. ಪ್ಯಾರಿಸ್ಸಿಗೂ ಬೆಂಗಳೂರಿಗೂ ಹೋಗದೆ ಸಾಗರದಲ್ಲೇ ಮನೆ ಮಾಡಿದರು. ಗೋಡೆಗೆ ಕಂಬಳಿ ಹೊದೆಸಿ, ಒಳ್ಳೆಯ ಇಂಟರ್ನೆಟ್ ಹಾಕಿಸಿ ಒಂದು ಕೋಣೆಯನ್ನು ಟೇಪಿಂಗಿಗೆ ಮೀಸಲಿಟ್ಟರು.

2022ರಿಂದ ಫ್ರಾನ್ಸಿನ ಕೆಲಸವನ್ನು ಕಂತುಗಳಲ್ಲಿ ಒಪ್ಪಿಕೊಳ್ಳುತ್ತಾರೆ. ಯುರೋಪಿನ ಹಲವು ದೇಶಗಳಿಗೆ ಒಂದೇ ಆಗಿರುವ ಷೆಂಗೆನ್ ವೀಸಾ ನಿಯಮದಂತೆ ಯಾವುದೇ 180 ದಿನಗಳಲ್ಲಿ 90 ದಿನ ಮೀರದಂತೆ, ಮಾರ್ಚಿನಿಂದ ಮೇವರೆಗೆ ನಾಟಕ, ಕೆಲವೊಮ್ಮೆ ಅಕ್ಟೋಬರಿನಲ್ಲಿ ಒಂದು ಚಿತ್ರ. 507ರ ಆಸೆ ಬಿಟ್ಟಿದ್ದಾರೆ. ಭತ್ಯೆ ಸಿಗದು ಎಂಬುದನ್ನು ಲೆಕ್ಕದಲ್ಲಿಟ್ಟುಕೊಂಡೇ ಕಶೆಯ ದರ ಮಾತಾಡುತ್ತಾರೆ. ಮಳೆಗಾಲ ಪೂರ್ತಿ ಊರಿಗೆ. ಆಗುಂಬೆಯ ಚಿತ್ರ ನೋಡಿದ ಕೆಲವೇ ಜನರಲ್ಲಿ ಇಬ್ಬರು ನಿರ್ದೇಶಕರಿದ್ದರು. ಅವರಿಬ್ಬರೂ ಆಮೇಲೆ ಇವರನ್ನು ಕರೆದದ್ದು ಆ ದನಿಗಾಗಿ. ಒಂದು ಚಿತ್ರಕ್ಕೆ ಇತರ ಕಲಾವಿದರ ಮಲೆನಾಡಿನ ಉಚ್ಚಾರಣೆ ತಿದ್ದುವ ಕೆಲಸವನ್ನೂ ಇವರಿಗೇ ಕೊಟ್ಟರು, ಬೇರೆ ಸಂಭಾವನೆಯ ಮೇಲೆ.

ಹೀಗೆ ನೋಡಿದರೆ ಆಗುಂಬೆಯಲ್ಲಿ ಉಳಿದದ್ದು ಸರಿಯೋ ತಪ್ಪೋ ಎಂದು ಶಿಬಿರಗಳಲ್ಲಿ ಕೇಳುತ್ತಾರೆ. ಸರಿ ಎಂದೇ ನನ್ನ ಮತ. ಆದರೆ ಏಪ್ರಿಲ್‌ನಲ್ಲಿ ಶುರುವಾದ ಹುಡುಕಾಟ ಜನವರಿಯಲ್ಲೇ ಶುರುವಾಗಿದ್ದರೆ ಆ ಸಂಜೆ ಅಂಥ ಆಯ್ಕೆಯೇ ಎದುರಾಗುತ್ತಿರಲಿಲ್ಲ. ಪಾಠದ ಗಂಟೆಗಳಲ್ಲಿ ಇನ್ನೂ 22ಕ್ಕೆ ಜಾಗವಿತ್ತು. ಪರದೇಶದಲ್ಲಿ ದುಡಿಯುವವರು ಗಡುವಿನ ದಿನದಿಂದ ಹಿಂದಕ್ಕೆ ಎಣಿಸುತ್ತ ಬರಬೇಕು, ಅದರಲ್ಲೂ ಇನ್ನೊಂದು ಕಡೆಯ ಕೆಲಸ ಮಳೆಯನ್ನು ನಂಬಿದ್ದಾದರೆ.

ಬಾಕಿ ಉಳಿದಿರುವುದು ಪಿಂಚಣಿಯ ವಿಷಯ. ಭಾರತ ಮತ್ತು ಫ್ರಾನ್ಸ್ ನಡುವಿನ ಸಾಮಾಜಿಕ ಭದ್ರತಾ ಒಪ್ಪಂದ 2011ರಿಂದ ಜಾರಿಯಲ್ಲಿದೆ, ಅಲ್ಲಿ ವಂತಿಗೆ ಕಟ್ಟಿದ ಅವಧಿ ವ್ಯರ್ಥವಾಗುವುದಿಲ್ಲ. ಅದನ್ನು ಸಾಬೀತುಪಡಿಸಲು ಸಂಬಳದ ಚೀಟಿಗಳು ಬೇಕು. ಕಾಲಮಿತಿಯಿಲ್ಲದೆ ಕಾಪಾಡಿಕೊಳ್ಳಿ ಎಂದು ಫ್ರಾನ್ಸಿನ ಚೀಟಿಗಳ ಮೇಲೆಯೇ ಅಚ್ಚಾಗಿರುತ್ತದೆ. 2015ರ ಚಿತ್ರದ ನಿರ್ಮಾಣ ಸಂಸ್ಥೆ ಈಗ ಮುಚ್ಚಿದೆ. ಅದರ ಲೆಕ್ಕ ನೋಡುತ್ತಿದ್ದ ಕಚೇರಿಗೆ ಎರಡು ಪತ್ರ ಹೋಗಿವೆ. ಹಳೆಯ ಕಡತಗಳನ್ನು ಹುಡುಕುತ್ತಿದ್ದೇವೆ ಎಂದು ಕಳೆದ ತಿಂಗಳು ಉತ್ತರ ಬಂದಿದೆ, ಚಿತ್ರೀಕರಣದ ದಿನಾಂಕಗಳ ಪಟ್ಟಿ ಕೇಳಿದ್ದಾರೆ. ಅದನ್ನು ಅವರ ಆಗಿನ ಡೈರಿಯಿಂದ ತಯಾರಿಸುತ್ತಿದ್ದೇವೆ.